ಇಲ್ಲದ ಊರನ್ನು ಮನೆಮನೆಗೆ ತಲುಪಿಸಿದ ಶಂಕರ್ ನಾಗ್

ಕನ್ನಡ ನಾಡಿನಲ್ಲಿ ಶಂಕರ್ ನಾಗ್ ಎಂದೊಡನೆ ಆಟೋರಿಕ್ಷಾದ ಹಿಂಬದಿಯ ಚಿತ್ರವೊಂದು ನೆನಪಾಗುತ್ತದೆ. ಕುರುಚಲು ಗಡ್ಡ, ತೀಕ್ಷ್ಣ ಕಣ್ಣು, ಅವಸರದ ನಡಿಗೆಯ ಆ ನಟನನ್ನು ಬೆಂಗಳೂರಿನ ಆಟೋ ಚಾಲಕರು ತಮ್ಮವನೆಂದು ಸ್ವೀಕರಿಸಿ ದಶಕಗಳೇ ಕಳೆದಿವೆ. ಆದರೆ ಕರ್ನಾಟಕದ ಗಡಿಯನ್ನು ದಾಟಿ ಲಖನೌ, ಭೋಪಾಲ ಅಥವಾ ಪಟ್ನಾಕ್ಕೆ ಹೋದರೆ ಅಲ್ಲಿನವರಿಗೆ 'ಆಟೋ ರಾಜ' ತಿಳಿದಿರುವುದಿಲ್ಲ. ಅವರು ಬಲ್ಲದ್ದು ಕೊಡೆ ಹಿಡಿದು ಶಾಲೆಗೆ ಹೋಗುವ ಸ್ವಾಮಿಯನ್ನು, ಹೆಂಚಿನ ಮನೆಗಳ ಸಾಲನ್ನು, ಪದಗಳಿಲ್ಲದೆ ಗುನುಗಿಕೊಳ್ಳಬಹುದಾದ ಒಂದು ರಾಗವನ್ನು. ಆ ಜಗತ್ತನ್ನು ಕಟ್ಟಿದ ನಿರ್ದೇಶಕನ ಹೆಸರು ಅವರಲ್ಲಿ ಅನೇಕರಿಗೆ ಗೊತ್ತಿಲ್ಲದಿರಬಹುದು. ಅವನು ಕಟ್ಟಿದ ಊರು ಮಾತ್ರ ಗೊತ್ತು.

ಶಂಕರ್ ನಾಗ್ ಬದುಕಿದ್ದು 35 ವರ್ಷ. ಅದರಲ್ಲಿ ತೆರೆಯ ಮೇಲಿನ ಬದುಕು ಕೇವಲ 12 ವರ್ಷ. ಈ ಅಲ್ಪಾವಧಿಯಲ್ಲಿ ಅವರು 80ಕ್ಕೂ ಹೆಚ್ಚು ಚಿತ್ರಗಳಲ್ಲಿ ನಟಿಸಿದರು, ಹಲವು ಚಿತ್ರಗಳನ್ನು ನಿರ್ದೇಶಿಸಿದರು, ನಾಟಕ ತಂಡ ಕಟ್ಟಿದರು, ಧ್ವನಿಮುದ್ರಣ ಸ್ಟುಡಿಯೊ ಸ್ಥಾಪಿಸಿದರು. ಇವೆಲ್ಲವುಗಳ ನಡುವೆ ಕಿರುತೆರೆಗಾಗಿ ಅವರು ಮಾಡಿದ 39 ಕಂತುಗಳ ಧಾರಾವಾಹಿಯೇ ಅವರ ಕೃತಿಗಳಲ್ಲಿ ಅತ್ಯಂತ ದೂರ ಸಾಗಿದ್ದು ಮತ್ತು ಅತ್ಯಂತ ದೀರ್ಘಕಾಲ ಉಳಿದದ್ದು.

ಹೊನ್ನಾವರದಿಂದ ಮುಂಬಯಿಗೆ

ಶಂಕರ್ ನಾಗರಕಟ್ಟೆ ಜನಿಸಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡ ಜಿಲ್ಲೆಯ ಹೊನ್ನಾವರ ತಾಲ್ಲೂಕಿನಲ್ಲಿ. ಮನೆಮಾತು ಕೊಂಕಣಿ. ಅಣ್ಣ ಅನಂತ ನಾಗ್ ಆರು ವರ್ಷ ಹಿರಿಯರು. ಕರಾವಳಿಯ ಅನೇಕ ಕುಟುಂಬಗಳ ಮಕ್ಕಳಂತೆ ಈ ಸಹೋದರರಿಗೂ ವಿದ್ಯಾಭ್ಯಾಸ ಮತ್ತು ಉದ್ಯೋಗದ ದಾರಿ ಮುಂಬಯಿಯತ್ತ ಒಯ್ಯಿತು. ಅಂದಿನ ಮುಂಬಯಿಯಲ್ಲಿ ಮರಾಠಿ ರಂಗಭೂಮಿ ಹೊಸ ಹುರುಪಿನಲ್ಲಿತ್ತು. ಶಂಕರ್ ನಾಟಕವನ್ನು ಕಲಿತದ್ದು ಅಲ್ಲಿಯೇ. ಮುಂದೆ ಬಾಳಸಂಗಾತಿಯಾದ ಅರುಂಧತಿ ರಾವ್ ಅವರ ಪರಿಚಯವಾದದ್ದೂ ಆ ರಂಗಭೂಮಿಯಲ್ಲೇ. 1980ರಲ್ಲಿ ಇಬ್ಬರೂ ವಿವಾಹವಾದರು.

ಮುಂಬಯಿಯ ಆ ದಿನಗಳು ಅವರಿಗೆ ಎರಡು ಸಂಗತಿಗಳನ್ನು ಕೊಟ್ಟವು. ಮೊದಲನೆಯದು ಭಾಷೆಗಳ ನಡುವೆ ಸಲೀಸಾಗಿ ಓಡಾಡುವ ಶಕ್ತಿ. ಕೊಂಕಣಿ, ಕನ್ನಡ, ಮರಾಠಿ, ಹಿಂದಿ, ಇಂಗ್ಲಿಷ್ ಇವುಗಳಲ್ಲಿ ಯಾವುದೂ ಅವರಿಗೆ ಪರಕೀಯವಾಗಿರಲಿಲ್ಲ. ಮರಾಠಿಯ '22 ಜೂನ್ 1897' ಚಿತ್ರದ ಬರವಣಿಗೆಯಲ್ಲಿ ಅವರು ಪಾಲ್ಗೊಂಡಿದ್ದರು. ಎರಡನೆಯದು ತಂಡವಾಗಿ ದುಡಿಯುವ ಅಭ್ಯಾಸ. ಹಣವಿಲ್ಲದ ನಾಟಕ ತಂಡದಲ್ಲಿ ನಟನೇ ಪರದೆ ಎಳೆಯಬೇಕು, ಪರದೆ ಎಳೆದವನೇ ಟಿಕೆಟ್ ಮಾರಬೇಕು. ಈ ಎರಡೂ ಗುಣಗಳು ಹತ್ತು ವರ್ಷಗಳ ನಂತರ ಮಲೆನಾಡಿನ ಒಂದು ಪುಟ್ಟ ಊರಿನಲ್ಲಿ ಒಟ್ಟಿಗೆ ಕೆಲಸಕ್ಕೆ ಬಂದವು.

1978ರಲ್ಲಿ ಗಿರೀಶ ಕಾರ್ನಾಡರು 'ಒಂದಾನೊಂದು ಕಾಲದಲ್ಲಿ' ಚಿತ್ರಕ್ಕೆ ಶಂಕರ್ ಅವರನ್ನು ಆರಿಸಿಕೊಂಡರು. ಕೂಲಿಗಾಗಿ ಕಾದುವ ಯೋಧ ಗಂಡುಗಲಿಯ ಪಾತ್ರ ಅದು. ಮೊದಲ ಕನ್ನಡ ಚಿತ್ರದಲ್ಲೇ ಅವರು ದೆಹಲಿಯ ಅಂತರರಾಷ್ಟ್ರೀಯ ಚಲನಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿಗೆ ಪಾತ್ರರಾದರು. ಇಂಥ ಆರಂಭ ಪಡೆದ ನಟ ಕಲಾತ್ಮಕ ಚಿತ್ರಗಳ ದಾರಿಯಲ್ಲೇ ನಡೆಯುತ್ತಾನೆಂದು ಯಾರಾದರೂ ಎಣಿಸಿದ್ದರೆ ಅದು ಸಹಜ. ಶಂಕರ್ ಆ ದಾರಿಯನ್ನು ಹಿಡಿಯಲಿಲ್ಲ.

ಎರಡು ಬಗೆಯ ದುಡಿಮೆ

ಬೆಂಗಳೂರಿಗೆ ಬಂದ ಶಂಕರ್, ಜನಪ್ರಿಯ ಚಿತ್ರಗಳ ನಾಯಕರಾಗಿ ಬಿಡುವಿಲ್ಲದೆ ನಟಿಸತೊಡಗಿದರು. 1980ರ 'ಆಟೋ ರಾಜ' ಅವರನ್ನು ಜನಸಾಮಾನ್ಯರ ನಟನನ್ನಾಗಿಸಿತು. ಹೊಡೆದಾಟದ ಚಿತ್ರಗಳು ಸಾಲುಸಾಲಾಗಿ ಬಂದವು. ಅವುಗಳಲ್ಲಿ ಎಲ್ಲವೂ ಒಳ್ಳೆಯ ಚಿತ್ರಗಳಾಗಿರಲಿಲ್ಲ. ಕೆಲವು ಅವಸರದ ತಯಾರಿಕೆಗಳು. ಪ್ರಶಸ್ತಿ ಪಡೆದ ನಟನೊಬ್ಬ ಇಂಥ ಪಾತ್ರಗಳಲ್ಲಿ ತನ್ನನ್ನು ಕಳೆದುಕೊಳ್ಳುತ್ತಿದ್ದಾನೆ ಎಂಬ ಟೀಕೆಯೂ ಕೇಳಿಬರುತ್ತಿತ್ತು.

ಆದರೆ ಅದೇ ವರ್ಷಗಳ ಇನ್ನೊಂದು ಲೆಕ್ಕವೂ ಇದೆ. 1980ರಲ್ಲಿ ಅವರು 'ಮಿಂಚಿನ ಓಟ' ಚಿತ್ರವನ್ನು ನಿರ್ದೇಶಿಸಿದರು. ಅಣ್ಣ ಅನಂತ ನಾಗ್ ಮತ್ತು ಲೋಕನಾಥ್ ಅವರೊಂದಿಗೆ ತಾವೂ ನಟಿಸಿದ ಈ ಕಾರುಗಳ್ಳರ ಕಥೆ ರಾಜ್ಯ ಸರ್ಕಾರದ ಪ್ರಶಸ್ತಿಗಳನ್ನು ಗಳಿಸಿತು. 1981ರಲ್ಲಿ ಇಳಯರಾಜಾ ಸಂಗೀತದ 'ಗೀತಾ' ಬಂತು. ನಂತರ ಬಂದ 'ಆಕ್ಸಿಡೆಂಟ್' ಚಿತ್ರದಲ್ಲಿ ರಾಜಕಾರಣಿಯ ಮಗನೊಬ್ಬ ಅಮಲಿನಲ್ಲಿ ಕಾರು ಓಡಿಸಿ ಪಾದಚಾರಿ ಮಾರ್ಗದಲ್ಲಿ ಮಲಗಿದ್ದ ಬಡವರನ್ನು ಬಲಿ ತೆಗೆದುಕೊಳ್ಳುತ್ತಾನೆ. ಅಧಿಕಾರವು ಆ ಅಪರಾಧವನ್ನು ಮುಚ್ಚಿಹಾಕುವ ಬಗೆಯನ್ನು ಚಿತ್ರ ತೋರಿಸಿತು. ಸಾಮಾಜಿಕ ಸಮಸ್ಯೆ ಕುರಿತ ಚಿತ್ರಗಳಿಗೆ ಮೀಸಲಾದ ರಾಷ್ಟ್ರಪ್ರಶಸ್ತಿ ಅದಕ್ಕೆ ಸಂದಿತು.

ಇದರ ಜೊತೆಗೆ 'ಸಂಕೇತ್' ನಾಟಕ ತಂಡದ ಚಟುವಟಿಕೆಗಳು ನಡೆದಿದ್ದವು. ಕಾರ್ನಾಡರ 'ಅಂಜು ಮಲ್ಲಿಗೆ', ಮುಂದೆ 'ನಾಗಮಂಡಲ' ಮುಂತಾದ ನಾಟಕಗಳನ್ನು ಈ ತಂಡ ರಂಗಕ್ಕೆ ತಂದಿತು. ಕನ್ನಡ ಚಿತ್ರಗಳು ಧ್ವನಿಮುದ್ರಣಕ್ಕಾಗಿ ಮದರಾಸಿಗೆ ಹೋಗಬೇಕಾಗಿದ್ದ ಕಾಲದಲ್ಲಿ ಬೆಂಗಳೂರಿನಲ್ಲೇ 'ಸಂಕೇತ್ ಎಲೆಕ್ಟ್ರಾನಿಕ್ಸ್' ಎಂಬ ಸ್ಟುಡಿಯೊವನ್ನು ಸಹೋದರರು ಸ್ಥಾಪಿಸಿದರು. ಕ್ಯಾಮರಾದ ಮುಂದೆ ಗಳಿಸಿದ ಜನಪ್ರಿಯತೆ, ಕ್ಯಾಮರಾದ ಹಿಂದಿನ ಇಂಥ ಕೆಲಸಗಳಿಗೆ ಆಸರೆಯಾಯಿತು. ಹೊಡೆದಾಟದ ನಾಯಕ ಮತ್ತು ರಂಗಭೂಮಿಯ ನಿರ್ದೇಶಕ ಎಂಬ ಇಬ್ಬರು ಶಂಕರರಿದ್ದರೆಂದು ಭಾವಿಸುವುದು ಸುಲಭ. ಇದ್ದದ್ದು ಒಬ್ಬರೇ. ಜನರನ್ನು ರಂಜಿಸುವುದು ಕೀಳು ಕೆಲಸವೆಂದು ಅವರು ಎಣಿಸಲಿಲ್ಲ. ಆ ಕೆಲಸವನ್ನು ಇನ್ನೂ ಚೆನ್ನಾಗಿ ಮಾಡಲು ಏನು ಬೇಕೋ ಅದನ್ನು ಒದಗಿಸಿಕೊಳ್ಳುತ್ತ ಹೋದರು.

ಒಂದೇ ವಾಹಿನಿಯ ಕಾಲ

ಭಾರತದಲ್ಲಿ ಬಣ್ಣದ ಟೆಲಿವಿಷನ್ ಬಂದದ್ದು 1982ರಲ್ಲಿ, ದೆಹಲಿಯ ಏಷ್ಯನ್ ಕ್ರೀಡಾಕೂಟದ ಸಂದರ್ಭದಲ್ಲಿ. ಮುಂದಿನ ಕೆಲವೇ ವರ್ಷಗಳಲ್ಲಿ ಮರುಪ್ರಸಾರ ಕೇಂದ್ರಗಳು ದೇಶದಾದ್ಯಂತ ಹೆಚ್ಚಿದವು; ಜಿಲ್ಲಾ ಪಟ್ಟಣಗಳ ಮನೆಗಳ ಮೇಲೂ ಆಂಟೆನಾಗಳು ಮೂಡಿದವು. ವಾಹಿನಿ ಮಾತ್ರ ಒಂದೇ, ದೂರದರ್ಶನ. ರಾತ್ರಿಯ ರಾಷ್ಟ್ರೀಯ ಪ್ರಸಾರ ದೆಹಲಿಯಿಂದ, ಬಹುಮಟ್ಟಿಗೆ ಹಿಂದಿಯಲ್ಲಿ ಬರುತ್ತಿತ್ತು. ಬೀದಿಗೊಂದು ಟಿ.ವಿ. ಇದ್ದ ಆ ಕಾಲದಲ್ಲಿ ನೆರೆಹೊರೆಯವರೆಲ್ಲ ಒಂದೇ ಕೋಣೆಯಲ್ಲಿ ಕುಳಿತು ನೋಡುತ್ತಿದ್ದರು. ಅಜ್ಜಿ, ಮೊಮ್ಮಗ, ಮನೆಗೆಲಸದವರು, ಮನೆಯ ಯಜಮಾನ ಎಲ್ಲರಿಗೂ ಒಂದೇ ಕಾರ್ಯಕ್ರಮ.

1984ರ ಜುಲೈನಲ್ಲಿ 'ಹಮ್ ಲೋಗ್' ಆರಂಭವಾಯಿತು. ಅದೇ ವರ್ಷ 'ಯೇ ಜೋ ಹೈ ಜಿಂದಗಿ' ಹಾಸ್ಯ ಧಾರಾವಾಹಿ ನಗರದ ಮಧ್ಯಮವರ್ಗವನ್ನು ನಗಿಸಿತು. 1986ರಲ್ಲಿ ದೇಶವಿಭಜನೆಯ ಹಿನ್ನೆಲೆಯ 'ಬುನಿಯಾದ್' ಬಂತು. ಇವೆಲ್ಲವೂ ಉತ್ತರ ಭಾರತದ ಮನೆಗಳ ಕಥೆಗಳು. ದೇಶಕ್ಕೆಲ್ಲ ಒಂದೇ ಆಗಿದ್ದ ಆ ಕಿಟಕಿಯಲ್ಲಿ ದಕ್ಷಿಣದ ಜಗಲಿ, ದಕ್ಷಿಣದ ಪಂಚೆ, ದಕ್ಷಿಣದ ಶಾಲೆ ಕಾಣುತ್ತಿದ್ದುದು ಬಹಳ ಅಪರೂಪ.

ಈ ಸನ್ನಿವೇಶದಲ್ಲಿ ನಿರ್ಮಾಪಕ ಟಿ.ಎಸ್. ನರಸಿಂಹನ್ ಅವರು ಆರ್.ಕೆ. ನಾರಾಯಣ್ ಅವರ ಕಥೆಗಳನ್ನು ದೂರದರ್ಶನಕ್ಕಾಗಿ ಚಿತ್ರಿಸುವ ಯೋಜನೆಯನ್ನು ಕೈಗೆತ್ತಿಕೊಂಡರು. ನಿರ್ದೇಶನದ ಹೊಣೆ ಶಂಕರ್ ನಾಗ್ ಅವರದಾಯಿತು. ಆಗ ಅವರಿಗೆ 31ರ ಆಸುಪಾಸಿನ ವಯಸ್ಸು.

ಲೇಖಕನ ಹಳೆಯ ನೋವು

ಈ ಹೊಣೆ ಹಗುರವಾದುದಾಗಿರಲಿಲ್ಲ. ಮೈಸೂರಿನಲ್ಲಿ ಬಾಳಿದ ನಾರಾಯಣ್, 1935ರಲ್ಲಿ ಪ್ರಕಟವಾದ 'ಸ್ವಾಮಿ ಅಂಡ್ ಫ್ರೆಂಡ್ಸ್' ಕಾದಂಬರಿಯಿಂದ ಆರಂಭಿಸಿ ಮಾಲ್ಗುಡಿ ಎಂಬ ಕಲ್ಪಿತ ಊರೊಂದನ್ನು ಅರ್ಧ ಶತಮಾನದಿಂದ ಕಟ್ಟಿಕೊಂಡು ಬಂದಿದ್ದರು. ಯಾವ ನಕ್ಷೆಯಲ್ಲೂ ಇಲ್ಲದ ಆ ಊರಿಗೆ ಸರಯೂ ನದಿಯಿತ್ತು, ಮಾರ್ಕೆಟ್ ರಸ್ತೆಯಿತ್ತು, ಆಲ್ಬರ್ಟ್ ಮಿಷನ್ ಶಾಲೆಯಿತ್ತು, ಒಂದು ರೈಲು ನಿಲ್ದಾಣವೂ ಇತ್ತು. ಪ್ರತಿಯೊಬ್ಬ ಓದುಗನೂ ಅದನ್ನು ತನ್ನದೇ ಬಾಲ್ಯದ ಊರಿನಂತೆ ಕಲ್ಪಿಸಿಕೊಂಡಿದ್ದ.

ಸಿನಿಮಾದವರ ಬಗ್ಗೆ ನಾರಾಯಣ್ ಅವರಿಗಿದ್ದ ಅನುಭವ ಸಿಹಿಯಾದುದಲ್ಲ. ಅವರ 'ದಿ ಗೈಡ್' ಕಾದಂಬರಿ 1965ರಲ್ಲಿ ದೇವ್ ಆನಂದ್ ನಾಯಕತ್ವದ ಹಿಂದಿ ಚಿತ್ರವಾಗಿ ದೊಡ್ಡ ಯಶಸ್ಸು ಗಳಿಸಿತು. ಆದರೆ ಆ ಚಿತ್ರ ಮಾಲ್ಗುಡಿಯನ್ನು ಕಿತ್ತು ರಾಜಸ್ಥಾನದ ಅರಮನೆಗಳ ನಡುವೆ ನೆಟ್ಟಿತ್ತು. ಸಣ್ಣ ಊರಿನ ಸಣ್ಣ ಜನರ ಕಥೆಗೆ ಹಚ್ಚಿದ ಆ ವೈಭವದಿಂದ ಲೇಖಕರು ಬಹಳ ಬೇಸರಗೊಂಡಿದ್ದರು. ತಮ್ಮ ಅಸಮಾಧಾನವನ್ನು ಪ್ರಬಂಧವೊಂದರಲ್ಲಿ ವಿವರವಾಗಿ ಬರೆದೂ ಇದ್ದರು. ಕನ್ನಡದಲ್ಲಿ ಟಿ.ಎಸ್. ನಾಗಾಭರಣ ಅವರು 'ದಿ ಫೈನಾನ್ಷಿಯಲ್ ಎಕ್ಸ್‌ಪರ್ಟ್' ಕಾದಂಬರಿಯನ್ನು ಆಧರಿಸಿ 1983ರಲ್ಲಿ ತೆರೆಗೆ ತಂದ 'ಬ್ಯಾಂಕರ್ ಮಾರ್ಗಯ್ಯ', ಈ ಕಥೆಗಳು ತಮ್ಮ ಮಣ್ಣಿನಲ್ಲೇ ಉಸಿರಾಡಬಲ್ಲವು ಎಂಬುದನ್ನು ತೋರಿಸಿತ್ತು. ಲೋಕೇಶ್ ಅವರ ಅಭಿನಯ ಆ ಚಿತ್ರದ ಹೆಗ್ಗಳಿಕೆಯಾಗಿತ್ತು.

ಶಂಕರ್ ಅವರ ಮುಂದಿದ್ದ ಪ್ರಶ್ನೆ ಸರಳವಾಗಿಯೂ ಕಠಿಣವಾಗಿಯೂ ಇತ್ತು. ನಾರಾಯಣ್ ಅವರ ಕಥೆಗಳಲ್ಲಿ ಹೇಳಿಕೊಳ್ಳುವಂಥ ಘಟನೆಗಳು ಕಡಿಮೆ. ಒಬ್ಬ ಗುಮಾಸ್ತ ಮಗಳನ್ನು ಸಿನಿಮಾಕ್ಕೆ ಕರೆದೊಯ್ಯಲಾಗದೆ ಹೋಗುತ್ತಾನೆ. ಒಬ್ಬ ಅಂಚೆಯಣ್ಣ ಒಂದು ಕಾಗದವನ್ನು ತಡೆಹಿಡಿಯುತ್ತಾನೆ. ಒಬ್ಬನಿಗೆ ಜಾತ್ರೆಯ ಲಾಟರಿಯಲ್ಲಿ ರಸ್ತೆ ಎಂಜಿನ್ ಬಹುಮಾನ ಬಂದು, ಅದನ್ನು ಏನು ಮಾಡಬೇಕೆಂದು ತಿಳಿಯದೆ ಕಂಗಾಲಾಗುತ್ತಾನೆ. ಇಷ್ಟೇ ಕಥೆ. ಮಸಾಲೆ ಬೆರೆಸಿದರೆ ಕಥೆ ಸಾಯುತ್ತದೆ. ಬೆರೆಸದಿದ್ದರೆ ಪ್ರೇಕ್ಷಕ ಎದ್ದು ಹೋಗಬಹುದು. ಜನಪ್ರಿಯ ಚಿತ್ರಗಳಲ್ಲಿ ಪಳಗಿದ ನಿರ್ದೇಶಕನಿಗೆ ಬೆರೆಸುವ ಕಲೆ ಚೆನ್ನಾಗಿ ಗೊತ್ತಿತ್ತು. ಅದನ್ನು ಇಲ್ಲಿ ಬಳಸದಿರುವ ನಿರ್ಧಾರದಲ್ಲಿ ಅವರ ನಿಜವಾದ ಸಾಮರ್ಥ್ಯ ಕಾಣಿಸಿತು.

ಆಗುಂಬೆ ಮಾಲ್ಗುಡಿಯಾದದ್ದು

ಚಿತ್ರೀಕರಣಕ್ಕೆ ಆಯ್ಕೆಯಾದದ್ದು ಶಿವಮೊಗ್ಗ ಜಿಲ್ಲೆ ತೀರ್ಥಹಳ್ಳಿ ತಾಲ್ಲೂಕಿನ ಆಗುಂಬೆ. ವರ್ಷಕ್ಕೆ ಸರಾಸರಿ 7,000 ಮಿಲಿಮೀಟರಿಗೂ ಹೆಚ್ಚು ಮಳೆ ಸುರಿಯುವ, ದಕ್ಷಿಣದ ಚಿರಾಪುಂಜಿ ಎಂದೇ ಹೆಸರಾದ ಘಟ್ಟದ ಅಂಚಿನ ಊರು. ಒಂದೇ ಮುಖ್ಯ ಬೀದಿ, ಎರಡೂ ಬದಿಗೆ ಹೆಂಚಿನ ಮನೆಗಳು, ಉದ್ದ ಜಗಲಿಗಳು. ಇಲ್ಲಿನ ದೊಡ್ಡಮನೆ ಧಾರಾವಾಹಿಯ ಮೂಲಕ ದೇಶಕ್ಕೆಲ್ಲ ಪರಿಚಿತವಾಯಿತು. ಕಲಾ ನಿರ್ದೇಶಕ ಜಾನ್ ದೇವರಾಜ್ ಅವರ ಕೈಯಲ್ಲಿ ಊರಿನ ಬೀದಿ ಸ್ವಾತಂತ್ರ್ಯಪೂರ್ವದ ಪುಟ್ಟ ಪಟ್ಟಣದ ರೂಪ ತಾಳಿತು. ಆಗುಂಬೆಗೆ ರೈಲಿಲ್ಲ; ಮಾಲ್ಗುಡಿಗೆ ರೈಲು ಬೇಕೇ ಬೇಕು. ಹೀಗಾಗಿ ಅದೇ ಜಿಲ್ಲೆಯ, ಶಿವಮೊಗ್ಗ–ತಾಳಗುಪ್ಪ ಮಾರ್ಗದಲ್ಲಿನ ಅರಸಾಳು ನಿಲ್ದಾಣ ಮಾಲ್ಗುಡಿ ನಿಲ್ದಾಣವಾಯಿತು.

ತಂಡವನ್ನು ಗಮನಿಸಿದರೆ ಅದು ಕನ್ನಡದ ಒಂದು ಕೂಡುಕುಟುಂಬದಂತೆ ತೋರುತ್ತದೆ. ಕ್ಯಾಮರಾ ಹಿಡಿದವರು 'ಘಟಶ್ರಾದ್ಧ'ದಂಥ ಚಿತ್ರಗಳ ಛಾಯಾಗ್ರಾಹಕ ಎಸ್. ರಾಮಚಂದ್ರ. ಸ್ವಾಮಿಯ ತಂದೆಯಾಗಿ ಗಿರೀಶ ಕಾರ್ನಾಡ್, ತಾಯಿಯಾಗಿ ವೈಶಾಲಿ ಕಾಸರವಳ್ಳಿ, ಸ್ವಾಮಿಯಾಗಿ ಬಾಲನಟ ಮಂಜುನಾಥ್. ಒಂದಾನೊಂದು ಕಾಲದಲ್ಲಿ ಶಂಕರ್ ಅವರನ್ನು ತೆರೆಗೆ ತಂದ ಕಾರ್ನಾಡರು ಈಗ ಶಂಕರ್ ನಿರ್ದೇಶನದಲ್ಲಿ ನಟರಾದರು. ಸಂಗೀತ ಎಲ್. ವೈದ್ಯನಾಥನ್ ಅವರದು. ಪದಗಳೇ ಇಲ್ಲದ, ಮಗುವೊಂದು ದಾರಿಯಲ್ಲಿ ಗುನುಗುತ್ತ ಹೋದಂತಿರುವ ಆ ಶೀರ್ಷಿಕೆಯ ರಾಗಕ್ಕೆ ಯಾವ ಭಾಷೆಯ ಹಂಗೂ ಇರಲಿಲ್ಲ. ಲೇಖಕರ ತಮ್ಮ, ವ್ಯಂಗ್ಯಚಿತ್ರಕಾರ ಆರ್.ಕೆ. ಲಕ್ಷ್ಮಣ್ ಅವರ ರೇಖಾಚಿತ್ರಗಳು ಪ್ರತಿ ಕಂತಿಗೂ ಬಾಗಿಲು ತೆರೆದವು.

ಮೊದಲ 13 ಕಂತುಗಳು ಇಂಗ್ಲಿಷ್ ಮತ್ತು ಹಿಂದಿ ಎರಡರಲ್ಲೂ ಸಿದ್ಧವಾದವು. ಉಳಿದವು ಹಿಂದಿಯಲ್ಲಿ ಮಾತ್ರ. ಎಂದರೆ, ಮೈಸೂರಿನ ಲೇಖಕ ಇಂಗ್ಲಿಷಿನಲ್ಲಿ ಬರೆದ ಕಥೆಗಳನ್ನು ಕನ್ನಡದ ನಟರು, ಮಲೆನಾಡಿನ ಹಳ್ಳಿಯೊಂದರಲ್ಲಿ ನಿಂತು, ಹಿಂದಿಯಲ್ಲಿ ಆಡಿ ತೋರಿಸಿದರು. ಕಾಗದದ ಮೇಲೆ ಇದು ಅಸಂಗತವಾಗಿ ಕಾಣುತ್ತದೆ. ತೆರೆಯ ಮೇಲೆ ಹಾಗೆ ಕಾಣಲಿಲ್ಲ. ಬಹುಭಾಷೆಗಳ ಮನೆಯಲ್ಲಿ, ಬಹುಭಾಷೆಗಳ ನಗರದಲ್ಲಿ ಬೆಳೆದ ನಿರ್ದೇಶಕನಿಗೆ ಭಾಷೆ ಬದಲಾದರೂ ನಡೆನುಡಿ ಬದಲಾಗಬೇಕಿಲ್ಲ ಎಂಬ ಅರಿವಿತ್ತು. ಪಾತ್ರಗಳು ಹಿಂದಿ ಮಾತನಾಡಿದರೂ ಕೂರುವುದು, ಉಣ್ಣುವುದು, ಗದರುವುದು, ನಾಚುವುದು ಎಲ್ಲವೂ ದಕ್ಷಿಣದ ರೀತಿಯಲ್ಲೇ ಇದ್ದವು.

ನಗೆಯ ಹದ

1986ರಲ್ಲಿ 'ಮಾಲ್ಗುಡಿ ಡೇಸ್' ದೂರದರ್ಶನದಲ್ಲಿ ಪ್ರಸಾರವಾಗತೊಡಗಿತು. ಅದರ ಹಾಸ್ಯ ಅಂದಿನ ಇತರ ಹಾಸ್ಯ ಧಾರಾವಾಹಿಗಳಿಗಿಂತ ಬೇರೆ ಬಗೆಯದು. ಇಲ್ಲಿ ಹಿನ್ನೆಲೆಯಲ್ಲಿ ಮುದ್ರಿತ ನಗುವಿಲ್ಲ, ಮಾತಿನ ಚಮತ್ಕಾರವಿಲ್ಲ. ಪರೀಕ್ಷೆಗೆ ಬೇಕಾಗುವ ಸಾಮಗ್ರಿಗಳ ಪಟ್ಟಿಯನ್ನು ಗಂಭೀರವಾಗಿ ತಯಾರಿಸಿ ತಂದೆಯ ಮುಂದೆ ಇಡುವ ಹುಡುಗ, ಅದನ್ನು ಅಷ್ಟೇ ಗಂಭೀರವಾಗಿ ನೋಡುವ ತಂದೆ. ನಗು ಹುಟ್ಟುವುದು ಇಬ್ಬರ ಗಾಂಭೀರ್ಯದಿಂದ. ಕ್ಯಾಮರಾ ಹುಡುಗನನ್ನು ಮೇಲಿನಿಂದ ನೋಡಿ ನಗುವುದಿಲ್ಲ. ಅವನ ಎತ್ತರಕ್ಕೆ ಇಳಿದು ಅವನ ಸಂಕಟವನ್ನು ಕೇಳುತ್ತದೆ.

'ಸ್ವಾಮಿ ಅಂಡ್ ಫ್ರೆಂಡ್ಸ್' ಕಥೆಯ ಕೊನೆಯಲ್ಲಿ ರಾಜಂ ಊರು ಬಿಟ್ಟು ಹೋಗುತ್ತಾನೆ. ಮುನಿಸಿಕೊಂಡ ಗೆಳೆಯನಿಗೆ ಕೊಡಲೆಂದು ಸ್ವಾಮಿ ಪುಸ್ತಕವೊಂದನ್ನು ಹಿಡಿದು ನಿಲ್ದಾಣಕ್ಕೆ ಬರುತ್ತಾನೆ. ರೈಲು ಹೊರಡುತ್ತದೆ, ಗೆಳೆಯ ಕ್ಷಮಿಸಿದನೋ ಇಲ್ಲವೋ ಎಂಬುದು ಸ್ವಾಮಿಗೆ ಕೊನೆಗೂ ಸ್ಪಷ್ಟವಾಗುವುದಿಲ್ಲ. ನಾರಾಯಣ್ ಬಿಟ್ಟ ಆ ಅನಿಶ್ಚಯವೇ ಆ ಕಥೆಯ ಜೀವ. ಹಾಸ್ಯವೆಂದು ನೋಡಲು ಕುಳಿತ ಮಕ್ಕಳು ಬದುಕಿನ ಮೊದಲ ಅಗಲಿಕೆಯನ್ನು ಇಲ್ಲಿ ಕಂಡರು.

'ಫಾರ್ಟಿ ಫೈವ್ ಎ ಮಂತ್' ಕಥೆಯಲ್ಲಿ ವಿಷ್ಣುವರ್ಧನ್ ನಟಿಸಿದರು. ಆಗ ಅವರು ಕನ್ನಡ ಚಿತ್ರರಂಗದ ಬಲಾಢ್ಯ ನಾಯಕ. ಇಲ್ಲಿ ಅವರದು ಮೇಲಧಿಕಾರಿಗೆ ಹೆದರಿ, ಸಿನಿಮಾ ತೋರಿಸುವೆನೆಂದು ಮಗಳಿಗೆ ಕೊಟ್ಟ ಮಾತಿಗೆ ತಪ್ಪುವ ಗುಮಾಸ್ತ ವೆಂಕಟರಾಯನ ಪಾತ್ರ. ರಾಜೀನಾಮೆ ಬರೆದೇಬಿಡುವ ಅವನು, ತಿಂಗಳಿಗೆ 5 ರೂಪಾಯಿ ಸಂಬಳ ಹೆಚ್ಚಾದ ಸುದ್ದಿ ಕೇಳಿ ಆ ಕಾಗದವನ್ನು ಹಿಂದಕ್ಕೆ ಪಡೆಯುತ್ತಾನೆ. ಮನೆಗೆ ಬಂದಾಗ ಮಗಳು ಕಾದು ಕಾದು, ಹೊಸ ಉಡುಪಿನಲ್ಲೇ ನಿದ್ದೆಹೋಗಿರುತ್ತಾಳೆ. 'ದಿ ವೆಂಡರ್ ಆಫ್ ಸ್ವೀಟ್ಸ್' ಕಾದಂಬರಿಯ ಕಂತುಗಳಲ್ಲಿ ಅನಂತ ನಾಗ್ ತಮ್ಮ ವಯಸ್ಸಿಗಿಂತ ಬಹಳ ಹಿರಿಯನಾದ ಮಿಠಾಯಿ ಅಂಗಡಿಯ ಜಗನ್ ಆದರು. ನೂಲು ತೆಗೆಯುತ್ತ, ಗೀತೆ ಓದುತ್ತ, ಅಮೆರಿಕದಿಂದ ಬಂದ ಮಗನನ್ನು ಅರ್ಥಮಾಡಿಕೊಳ್ಳಲಾರದೆ ಸೋಲುವ ತಂದೆಯ ಪಾತ್ರ ಅದು. ತೆರೆಯ ಮೇಲಿನ ನಾಯಕರನ್ನು ಅವರ ನಾಯಕತ್ವದಿಂದ ಬಿಡಿಸಿ ಸಾಮಾನ್ಯರನ್ನಾಗಿಸುವುದು ಶಂಕರ್ ಅವರಿಗೆ ಸಾಧ್ಯವಾಯಿತು. ಸ್ವತಃ ನಾಯಕನಾಗಿದ್ದ ಅವರಿಗೆ ಆ ವೇಷದ ಭಾರ ಗೊತ್ತಿತ್ತು.

ಚಿತ್ರರೂಪಗಳ ವಿಷಯದಲ್ಲಿ ನೊಂದಿದ್ದ ನಾರಾಯಣ್ ಈ ಧಾರಾವಾಹಿಯನ್ನು ಮೆಚ್ಚಿದರು. ಪುಸ್ತಕದ ಕಥೆಗೆ ನಿಷ್ಠೆಯಿಂದ ಇದ್ದುದಕ್ಕಾಗಿ ತಯಾರಕರನ್ನು ಅಭಿನಂದಿಸಿದರು. ಎರಡು ದಶಕಗಳ ಹಿಂದಿನ ಗಾಯಕ್ಕೆ ಇದಕ್ಕಿಂತ ಒಳ್ಳೆಯ ಮದ್ದು ಬೇರೆ ಇರಲಾರದು.

ಧಾರಾವಾಹಿಗೆ ಮಿತಿಗಳಿರಲಿಲ್ಲವೆಂದಲ್ಲ. ನಾರಾಯಣ್ ಅವರ ಮಾಲ್ಗುಡಿ ಬಯಲುಸೀಮೆಯ ಬಿಸಿಲು, ಧೂಳು, ಗದ್ದಲಗಳ ಪಟ್ಟಣ. ತೆರೆಯ ಮಾಲ್ಗುಡಿ ಮಳೆಗೆ ತೊಳೆದಿಟ್ಟ ಮಲೆನಾಡಿನ ಹಸಿರು ಹಳ್ಳಿ. ಪುಸ್ತಕದಲ್ಲಿ ಬೆಳೆಯುತ್ತ ನಗರವಾಗುವ ಊರು ತೆರೆಯ ಮೇಲೆ ಕಾಲ ನಿಂತಂತೆ ಕಾಣುತ್ತದೆ. ಕಥೆಗಳ ಒಳಗಿನ ವ್ಯಂಗ್ಯದ ಮೊನೆ ಕೆಲವು ಕಂತುಗಳಲ್ಲಿ ಮೃದುವಾಯಿತು. ಆದರೆ ಇಂದು ಮಾಲ್ಗುಡಿ ಎಂದಾಗ ಓದದವರ ಕಣ್ಣಿಗೂ ಕಟ್ಟುವುದು ಆಗುಂಬೆಯ ಬೀದಿಯೇ. ಕಲ್ಪಿತ ಊರಿಗೆ ಮುಖ ಕೊಟ್ಟ ನಿರ್ದೇಶಕನ ಗೆಲುವೂ ಅದೇ, ಮಿತಿಯೂ ಅದೇ.

ಅವಸರದ ಬದುಕು

ಧಾರಾವಾಹಿಯ ವರ್ಷಗಳಲ್ಲೂ ಶಂಕರ್ ಬೇರೆ ಕೆಲಸಗಳನ್ನು ಬಿಟ್ಟಿರಲಿಲ್ಲ. 1987ರಲ್ಲಿ ಡಾ. ರಾಜ್‌ಕುಮಾರ್ ಅವರನ್ನು ನಾಯಕರನ್ನಾಗಿಸಿ, ಸ್ಟೈನ್‌ಬೆಕ್ ಅವರ 'ದಿ ಪರ್ಲ್' ಆಧರಿಸಿದ 'ಒಂದು ಮುತ್ತಿನ ಕಥೆ'ಯನ್ನು ನಿರ್ದೇಶಿಸಿದರು. 1988ರ 'ಎಸ್.ಪಿ. ಸಾಂಗ್ಲಿಯಾನ' ಅವರನ್ನು ಮತ್ತೆ ಜನಪ್ರಿಯತೆಯ ಶಿಖರಕ್ಕೆ ಒಯ್ದಿತು. ನಂದಿಬೆಟ್ಟಕ್ಕೆ ರೋಪ್‌ವೇ, ಬಡವರಿಗೆ ಕಡಿಮೆ ಖರ್ಚಿನ ಮನೆ ಮುಂತಾದ ಸಾರ್ವಜನಿಕ ಯೋಜನೆಗಳ ಕನಸುಗಳೂ ಅವರ ತಲೆಯಲ್ಲಿದ್ದವು. ಹಗಲು ಒಂದು ಚಿತ್ರ, ರಾತ್ರಿ ಇನ್ನೊಂದು, ನಡುವೆ ನಾಟಕದ ತಾಲೀಮು. ಅವರ ದಿನಚರಿ ಸಮಯದೊಂದಿಗೆ ಪಂದ್ಯ ಕಟ್ಟಿದವರ ದಿನಚರಿಯಾಗಿತ್ತು.

ಆಶ್ಚರ್ಯದ ಸಂಗತಿಯೆಂದರೆ, ಇಷ್ಟು ಅವಸರದಲ್ಲಿದ್ದ ಮನುಷ್ಯ ಮಾಡಿದ ಕೃತಿಗಳಲ್ಲಿ ಅತ್ಯಂತ ಶಾಶ್ವತವಾದುದು ಅತ್ಯಂತ ನಿಧಾನಗತಿಯದು. ಮಾಲ್ಗುಡಿಯಲ್ಲಿ ಯಾರಿಗೂ ಆತುರವಿಲ್ಲ. ಅಂಚೆಯಣ್ಣ ಪ್ರತಿ ಮನೆಯ ಮುಂದೂ ನಿಂತು ಮಾತನಾಡುತ್ತಾನೆ. ಮಳೆ ನಿಲ್ಲುವವರೆಗೆ ಜನ ಜಗಲಿಯಲ್ಲಿ ಕಾಯುತ್ತಾರೆ.

1990ರ ಸೆಪ್ಟೆಂಬರ್ 30ರ ಬೆಳಗಿನ ಜಾವ, 'ಜೋಕುಮಾರಸ್ವಾಮಿ' ಚಿತ್ರದ ಚಿತ್ರೀಕರಣಕ್ಕೆಂದು ಹೊರಟಿದ್ದ ಶಂಕರ್ ಅವರ ಕಾರು ದಾವಣಗೆರೆ ಸಮೀಪದ ಆನಗೋಡು ಬಳಿ ಅಪಘಾತಕ್ಕೀಡಾಯಿತು. 36ನೆಯ ಹುಟ್ಟುಹಬ್ಬಕ್ಕೆ ಇನ್ನೂ ನಲವತ್ತು ದಿನಗಳಿದ್ದವು. ಜೊತೆಗಿದ್ದ ಪತ್ನಿ ಅರುಂಧತಿ ಮತ್ತು ಮಗಳು ಕಾವ್ಯ ಬದುಕುಳಿದರು. ರಸ್ತೆಯ ಸಾವಿನ ಬಗ್ಗೆ ಕನ್ನಡದ ಅತ್ಯುತ್ತಮ ಚಿತ್ರಗಳಲ್ಲೊಂದನ್ನು ಮಾಡಿದ ನಿರ್ದೇಶಕ ರಸ್ತೆಯಲ್ಲೇ ಅಸುನೀಗಿದ್ದು ನಾಡಿಗೆ ಮರೆಯಲಾಗದ ನೋವಾಯಿತು.

ಉಳಿದದ್ದು

ತೀವ್ರವಾಗಿ ಗಾಯಗೊಂಡಿದ್ದ ಅರುಂಧತಿ ನಾಗ್ ಚೇತರಿಸಿಕೊಂಡು ರಂಗಭೂಮಿಗೆ ಮರಳಿದರು. ನಾಟಕಕ್ಕೆ ಸಕಲ ಸೌಕರ್ಯಗಳುಳ್ಳ ರಂಗಮಂದಿರವೊಂದು ಬೆಂಗಳೂರಿನಲ್ಲಿ ಇರಬೇಕೆಂಬುದು ದಂಪತಿಯ ಕನಸಾಗಿತ್ತು. ವರ್ಷಗಳ ಪರಿಶ್ರಮದ ನಂತರ 2004ರ ಅಕ್ಟೋಬರ್‌ನಲ್ಲಿ ಜೆ.ಪಿ. ನಗರದಲ್ಲಿ 'ರಂಗಶಂಕರ' ತೆರೆದುಕೊಂಡಿತು. ನಾಟಕ ಆರಂಭವಾದ ಮೇಲೆ ಯಾರಿಗೂ ಪ್ರವೇಶವಿಲ್ಲ ಎಂಬ ಅದರ ನಿಯಮ ಹೆಸರುವಾಸಿ. ಸಮಯವನ್ನು ಅಷ್ಟು ಬೆಲೆಯುಳ್ಳದ್ದೆಂದು ಕಂಡವರ ಹೆಸರಿನ ಮಂದಿರಕ್ಕೆ ಅದು ತಕ್ಕ ನಿಯಮವೇ ಸರಿ.

ಧಾರಾವಾಹಿಯೂ ಮರೆಯಾಗಲಿಲ್ಲ. 2006ರಲ್ಲಿ ಕವಿತಾ ಲಂಕೇಶ್ ಅವರ ನಿರ್ದೇಶನದಲ್ಲಿ ಇನ್ನೂ 15 ಕಂತುಗಳು ಸಿದ್ಧವಾಗಿ, ಒಟ್ಟು ಸಂಖ್ಯೆ 54ಕ್ಕೆ ಏರಿತು. 2020ರಲ್ಲಿ ಅರಸಾಳುವಿನ ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆ ಇಲಾಖೆ ಮಾಲ್ಗುಡಿ ವಸ್ತುಸಂಗ್ರಹಾಲಯವನ್ನಾಗಿಸಿತು. ಕಥೆಗಾರ ಕಲ್ಪಿಸಿದ ನಿಲ್ದಾಣಕ್ಕೆ ನಿಜವಾದ ನಿಲ್ದಾಣವೊಂದು ತನ್ನ ಗೋಡೆಗಳನ್ನು ಬಿಟ್ಟುಕೊಟ್ಟ ಪ್ರಸಂಗ ನಮ್ಮ ದೇಶದಲ್ಲಿ ಅಪರೂಪವೇ.

ಆ ತಂಡದ ಅನೇಕರು ಈಗಿಲ್ಲ. ನಾರಾಯಣ್ 2001ರಲ್ಲಿ ತೀರಿಕೊಂಡರು. ವೈದ್ಯನಾಥನ್, ವಿಷ್ಣುವರ್ಧನ್, ವೈಶಾಲಿ ಕಾಸರವಳ್ಳಿ, ರಾಮಚಂದ್ರ, ಲಕ್ಷ್ಮಣ್, ಕಾರ್ನಾಡ್ ಒಬ್ಬೊಬ್ಬರಾಗಿ ಅಗಲಿದರು. ಎಲ್ಲರಿಗಿಂತ ಕಿರಿಯರ ಸಾಲಿನಲ್ಲಿದ್ದ ನಿರ್ದೇಶಕ ಎಲ್ಲರಿಗಿಂತ ಮೊದಲೇ ಹೊರಟುಹೋಗಿದ್ದರು.

ಶಂಕರ್ ನಾಗ್ ಬದುಕಿದ್ದರೆ ಏನೇನು ಮಾಡುತ್ತಿದ್ದರು ಎಂಬ ಮಾತು ಕನ್ನಡಿಗರ ನಡುವೆ ಇಂದಿಗೂ ಆಗಾಗ ಬರುತ್ತದೆ. ಮಾಡದೆ ಉಳಿದದ್ದರ ದುಃಖ ಸಹಜವಾದುದು. ಆದರೆ ಮಾಡಿ ಮುಗಿಸಿದ್ದನ್ನು ನೋಡುವುದು ಅವರಿಗೆ ಸಲ್ಲಿಸಬಹುದಾದ ಹೆಚ್ಚಿನ ಗೌರವ. ನೂರಾರು ವಾಹಿನಿಗಳ ಈ ಕಾಲದಲ್ಲಿ, ಅಬ್ಬರವಿಲ್ಲದೆ ಜನರನ್ನು ಹಿಡಿದು ಕೂರಿಸಲಾಗದು ಎಂದು ನಂಬಿದವರು ಬಹಳ ಮಂದಿ. ಒಂದೇ ವಾಹಿನಿಯಿದ್ದ ಕಾಲದಲ್ಲಿ, ಅಬ್ಬರವನ್ನು ಚೆನ್ನಾಗಿ ಬಲ್ಲ ಜನಪ್ರಿಯ ನಟನೊಬ್ಬ ಅದನ್ನು ಬದಿಗಿಟ್ಟು, ಪರೀಕ್ಷೆಗೆ ಹೆದರುವ ಹುಡುಗನೊಬ್ಬನ ಹಿಂದೆ ಸುಮ್ಮನೆ ನಡೆದ. ದೇಶವೂ ಅವನ ಹಿಂದೆ ನಡೆಯಿತು. ಆಗುಂಬೆಯಲ್ಲಿ ಇಂದೂ ಮಳೆ ಸುರಿಯುತ್ತದೆ; ದೊಡ್ಡಮನೆಯನ್ನು ಹುಡುಕಿಕೊಂಡು ದೂರದ ಊರುಗಳಿಂದ ಬರುವ ಪ್ರವಾಸಿಗರು ಕೇಳುವುದು ಮಾಲ್ಗುಡಿಯ ದಾರಿಯನ್ನೇ.